ಇಂಗ್ರಿಡ್ ಕಥೆಗೆ ಹೂಂ ಅಂದವಳು

"ಬೋರ್ ಆಗ್ತಿದ್ರೆ ನೇರವಾಗಿ ಹೇಳಿಬಿಡು!" ಹಿಂದಿನ ಸೀಟಿನಿಂದ ಇಂಗ್ರಿಡ್ ರೇಗಿದಳು.

ಡ್ರೈವ್ ಮಾಡುತ್ತಿದ್ದ ನನ್ನ ಹೆಂಡತಿ ಸುಮಾ ಗಾಬರಿಯಾದಳು. ಪಾಪ, ಇಂಗ್ರಿಡ್ ಕಥೆ ಹೇಳುತ್ತಿದ್ದಳು, ಇವಳು ವಾಕ್ಯಕ್ಕೊಂದು "ಹೂಂ" ಎನ್ನುತ್ತಿದ್ದಳು. ಹುಬ್ಬಳ್ಳಿಯವಳು ಸ್ವಾಮಿ, ಮತ್ತೇನು ಮಾಡಿಯಾಳು?

ಇಂಗ್ರಿಡ್ ಲಾಸ್ ಏಂಜಲೀಸ್ ಹತ್ತಿರದ ಗ್ಲೆಂಡೇಲ್‌ನಲ್ಲಿ ನಮ್ಮ ಪಕ್ಕದ ಅಪಾರ್ಟ್‌ಮೆಂಟಿನವಳು. ಆಸ್ಟ್ರಿಯಾದ ಚಿತ್ರಕಥೆಗಾರ್ತಿ. ವಿಯೆನ್ನಾದಲ್ಲಿ ಅವಳು ಬರೆದ ಪತ್ತೇದಾರಿ ಸೀರಿಯಲ್ಲುಗಳನ್ನು ಊರೇ ನೋಡುತ್ತಿತ್ತಂತೆ. ಇಲ್ಲಿಗೆ ಬಂದ ಮೇಲೆ? ಒಂದು ಕಾಮಿಡಿ ಶೋ ಅರ್ಧಕ್ಕೇ ನಿಂತಿತು. ಆಮೇಲೆ ಬೇರೆಯವರ ಸಿನಿಮಾಗಳಿಗೆ ತೇಪೆ ಹಚ್ಚುವ ಕೆಲಸ. (ತೆರೆಯ ಮೇಲೆ ಹೆಸರೂ ಇಲ್ಲ!) ಹಾಲಿವುಡ್‌ನಲ್ಲಿ ಯಾರಿಗೆ ಕಥೆ ಹೇಳಿದರೂ "ಅದ್ಭುತ" ಎನ್ನುತ್ತಾರೆ, ಮರುದಿನ ಫೋನ್ ಎತ್ತುವುದಿಲ್ಲ. ವೀಸಾ ಬೇರೆ ಮುಗಿಯುತ್ತ ಬಂದಿತ್ತು. ಸೋಮವಾರ ಒಂದು ಚಾನೆಲ್‌ನವರೆದುರು ಹೊಸ ಸೀರಿಯಲ್ಲಿನ ಕಥೆ ಹೇಳಬೇಕು. ಒಪ್ಪಿದರೆ ಸರಿ, ಇಲ್ಲವಾದರೆ ಗಂಟುಮೂಟೆ ಕಟ್ಟುವುದೇ.

ಆ ಶನಿವಾರ ನಾವು ಸ್ಯಾನ್ ಡಿಯೇಗೋಗೆ ಯುಗಾದಿ ಊಟಕ್ಕೆ ಹೊರಟಿದ್ದೆವು. "ಬಾ, ದಾರಿಯಲ್ಲಿ ನಮಗೇ ಹೇಳಿ ಪ್ರಾಕ್ಟೀಸ್ ಮಾಡು" ಎಂದು ಸುಮಾಳೇ ಅವಳನ್ನು ಹತ್ತಿಸಿಕೊಂಡಿದ್ದಳು.

ನಾನು ಬಿಡಿಸಿ ಹೇಳಿದೆ: "ನಮ್ಮಲ್ಲಿ ಕಥೆ ಕೇಳುವವರು ಹೂಂ ಅನ್ನಬೇಕು. ಹೂಂ ನಿಂತರೆ ಹೇಳುವವರೂ ನಿಲ್ಲಿಸಿಬಿಡ್ತಾರೆ."

ಇಂಗ್ರಿಡ್ ತಣ್ಣಗಾದಳು. ಕಥೆ ಮತ್ತೆ ಶುರು. ಬೆಟ್ಟದ ಮೇಲೊಂದು ಹೋಟೆಲ್. ಮಾತು ಬಿಟ್ಟ ಅಕ್ಕತಂಗಿಯರು ಅದರ ಒಡತಿಯರು. ಹೂಂ. ಒಬ್ಬ ಅತಿಥಿ ನಾಪತ್ತೆ. ಹೂಂ, ಹೂಂ! ಆಮೇಲೆ ಅಕ್ಕತಂಗಿಯರ ಬಾಲ್ಯ, ಅವರಪ್ಪನ ಬಾಲ್ಯ, ಹೋಟೆಲ್ ಕಟ್ಟಿದ ಅಜ್ಜ...

ಸುಮಾ ಗಪ್‌ಚಿಪ್.

"ಹೂಂ ಎಲ್ಲಿ?" ಇಂಗ್ರಿಡ್ ಅಳುಮೋರೆ ಮಾಡಿದಳು.

ಸುಮಾ ನನಗೆ ಹೇಳಿದಳು: "ಈಕಿಗೆ ಏನ್ ಹೇಳ್ಬೇಕ್ರೀ? ಆ ಅತಿಥಿ ಎಲ್ಲಿ ಹೋದ್ನಂತ ನನ್ನ ಜೀವ ಒದ್ದಾಡಾಕತ್ತೈತಿ, ಈಕಿ ನೋಡಿದ್ರ ಅಜ್ಜನ ಜಾತಕ ಬಿಚ್ಕೊಂಡು ಕುಂತಾಳ!"

ಒಂದಕ್ಷರ ಬಿಡದೆ ಇಂಗ್ಲಿಷಿಗೆ ಅನುವಾದಿಸಿದೆ. (ನೆರೆಹೊರೆಯ ಸ್ನೇಹ ಇವತ್ತಿಗೆ ಮುಗಿಯಿತು ಅಂದುಕೊಂಡೇ!)

ವಾಪಸ್ ಬರುವಾಗ ಇಂಗ್ರಿಡ್ ಅಜ್ಜನನ್ನು ಕೈಬಿಟ್ಟು ಮೊದಲಿಂದ ಹೇಳಿದಳು. ಸುಮಾಳ ಹೂಂ ಎಲ್ಲೂ ನಿಲ್ಲಲಿಲ್ಲ. ಕಥೆಯ ಗುಂಗಿನಲ್ಲಿ ಹೈವೇಯಿಂದ ಇಳಿಯಬೇಕಾದ ನಮ್ಮ ಎಕ್ಸಿಟ್ಟನ್ನೇ ದಾಟಿ ಮುಂದೆ ಹೋಗಿದ್ದಳು ಮಹಾರಾಯ್ತಿ.

ಸೋಮವಾರ ಚಾನೆಲ್‌ನವರು ಒಪ್ಪಿದರು. ವೀಸಾವೂ ಮುಂದುವರಿಯಿತು.

ಕಳೆದ ವಾರ ಲಾಸ್ ಏಂಜಲೀಸ್‌ನಲ್ಲಿ ಮೊದಲ ಎಪಿಸೋಡಿನ ವಿಶೇಷ ಪ್ರದರ್ಶನ. ತೆರೆಯ ಮೇಲೆ ಇಂಗ್ರಿಡ್ ಹೆಸರು ಬಂದದ್ದೇ ತಡ, ಸುಮಾ ಎದ್ದು ನಿಂತು ಸೀಟಿ ಹೊಡೆದಳು! ಸೂಟುಬೂಟಿನವರೆಲ್ಲ ತಿರುಗಿ ನೋಡಿದರು. ನೋಡಲಿ ಬಿಡಿ. ಇಬ್ಬರ ಬಗ್ಗೆಯೂ ನನಗೆ ಹೆಮ್ಮೆಯೋ ಹೆಮ್ಮೆ.

ಪಾರ್ಟಿಯಲ್ಲಿ ಇಂಗ್ರಿಡ್ ಇವಳ ಕೈಹಿಡಿದು ಎಲ್ಲರಿಗೂ ಪರಿಚಯಿಸಿದಳು: "ನಾನು ಇಲ್ಲಿ ಉಳಿದದ್ದೇ ಇವಳಿಂದ."

ಸುಮಾ ನಾಚಿಕೊಂಡು ನನ್ನ ಕಿವಿಯಲ್ಲಿ ಪಿಸುಗುಟ್ಟಿದಳು: "ನಾ ಏನ್ ಮಾಡೀನ್ರೀ? ಕುಂತು ಕೇಳೀನಷ್ಟ."

ಅಷ್ಟೇ ನಿಜ. ಹಾಗೆ ಕೂತು ಕೇಳುವವರು ನಿಮಗೆ ಎಷ್ಟು ಮಂದಿ ಇದ್ದಾರೆ?