ಕೊಂಬು ಮುರಿದ ಆಡು, ನೋಡಿ: ಸೂಚಿ ಮಾಡಿದವಳು

ಪಂಡಿತರಾದವರು ಹೊಸ ಪುಸ್ತಕವನ್ನು ಹಿಂದಿನಿಂದ ತೆರೆಯುತ್ತಾರೆ. ಇದು ಯಾರೋ ಹೇಳಿ ಕೇಳಿದ ಮಾತಲ್ಲ. ವಿಶ್ವವಿದ್ಯಾಲಯದ ಮುದ್ರಣಾಲಯದಲ್ಲಿ ಇಪ್ಪತ್ತಾರು ವರ್ಷ ಕರಡು ತಿದ್ದಿದವಳು ನಾನು, ಕಣ್ಣಾರೆ ಕಂಡಿದ್ದೇನೆ. ಪುಸ್ತಕ ಕೈಗೆ ಬಂದೊಡನೆ ಕೊನೆಯಲ್ಲಿರುವ ಪದಸೂಚಿಗೆ ಹೋಗುತ್ತಾರೆ. ತಮ್ಮ ಹೆಸರು ಹುಡುಕುತ್ತಾರೆ. ಅದರ ಮುಂದೆ ಪುಟಸಂಖ್ಯೆಗಳು ಸಾಲಾಗಿ ನಿಂತಿದ್ದರೆ ಪುಸ್ತಕ ಒಳ್ಳೆಯದು, ಇಲ್ಲದಿದ್ದರೆ ಬರೆದವನಿಗೆ ಓದು ಸಾಲದು. ಇಷ್ಟೇ ವಿಮರ್ಶೆ. ಮುಂದಿನ ಮುನ್ನೂರು ಪುಟ ಓದುವುದು ಪುರುಸೊತ್ತಿದ್ದರೆ.

ಆ ಪದಸೂಚಿಗಳನ್ನು ಮಾಡುತ್ತಿದ್ದವಳು ನನ್ನ ದೊಡ್ಡಮ್ಮ, ಅಮ್ಮನ ಅಕ್ಕ. ಮೂರನೇ ಮಹಡಿಯ ಎರಡು ಕೋಣೆಯ ಮನೆ, ಊಟದ ಮೇಜಿನ ತುಂಬ ಹಳೆಯ ಶೂ ಡಬ್ಬಿಗಳು, ಡಬ್ಬಿಗಳ ತುಂಬ ಚೀಟಿಗಳು. ನಾವು ಮುದ್ರಣಾಲಯದಲ್ಲಿ ಎಸೆಯುವ ಕರಡು ಹಾಳೆಗಳನ್ನು ನಾನೇ ಹೊತ್ತು ತಂದುಕೊಡುತ್ತಿದ್ದೆ. ಅವಳು ಅವನ್ನು ಕತ್ತರಿಸಿ, ಹಿಂಬದಿಯಲ್ಲಿ ಒಂದೊಂದು ಚೀಟಿಗೆ ಒಂದೊಂದು ವಿಷಯ ಬರೆದು, ಪುಟಸಂಖ್ಯೆ ಹಾಕಿ, ಅಕ್ಷರದ ಕ್ರಮದಲ್ಲಿ ಡಬ್ಬಿಗೆ ಸೇರಿಸುವಳು. ಹಾಗಾಗಿ ಅವಳ ಮನೆಯಲ್ಲಿ ಊಟವನ್ನು ತೊಡೆಯ ಮೇಲೆ ತಟ್ಟೆ ಇಟ್ಟುಕೊಂಡೇ ಮಾಡಬೇಕಿತ್ತು. ದೊಡ್ಡಪ್ಪ ಬದುಕಿರುವವರೆಗೂ ಗೊಣಗಿದರು, ಮೇಜು ಮಾತ್ರ ಅವರಿಗೆ ಸಿಗಲಿಲ್ಲ.

ದೊಡ್ಡಮ್ಮನಿಗೆ ಕೆಲಸದಲ್ಲಿ ಇದ್ದದ್ದು ಒಂದೇ ನೇಮ. "ಇದ್ದದ್ದನ್ನ ಬಿಡಬಾರದು, ಇಲ್ಲದ್ದನ್ನ ಸೇರಿಸಬಾರದು." ಅಷ್ಟಕ್ಕಾಗಿ ಅವಳು ಪುಸ್ತಕವನ್ನು ಮೊದಲಿನಿಂದ ಕೊನೆಯವರೆಗೆ, ಅಡಿಟಿಪ್ಪಣಿಯೂ ಸೇರಿ, ಎರಡು ಸಲ ಓದುತ್ತಿದ್ದಳು. ಆಡು ಮುಟ್ಟದ ಸೊಪ್ಪಿಲ್ಲ, ನಮ್ಮ ದೊಡ್ಡಮ್ಮ ಮುಟ್ಟದ ಅಡಿಟಿಪ್ಪಣಿಯಿಲ್ಲ. ಕಾಲೇಜಿನ ಮೆಟ್ಟಿಲು ಹತ್ತಿದವಳಲ್ಲ, ಆದರೆ ಮೂವತ್ತು ವರ್ಷ ಲ್ಯಾಟಿನ್ ಕಾವ್ಯದ ಮೇಲಿನ ಪುಸ್ತಕಗಳಿಗೆ ಚೀಟಿ ಬರೆದು ಬರೆದು, ನಿಘಂಟು ತಿರುವಿ ತಿರುವಿ, ಹಿಂಬಾಗಿಲಿನಿಂದ ಲ್ಯಾಟಿನ್ ಕಲಿತಿದ್ದಳು. ಕಲಿತಿದ್ದೇನೆ ಎಂದು ಯಾರಿಗೂ ಹೇಳುತ್ತಿರಲಿಲ್ಲ. ಯಾರೂ ಕೇಳಿರಲೂ ಇಲ್ಲ.

ಈಗ ಇಬ್ಬರು ಪ್ರಾಧ್ಯಾಪಕರ ವಿಷಯಕ್ಕೆ ಬರುತ್ತೇನೆ. ಎರಡು ಸಾವಿರ ವರ್ಷದ ಹಿಂದೆ, ಹೆಚ್ಚು ಜನ ಕೇಳಿರದ ಒಬ್ಬ ಲ್ಯಾಟಿನ್ ಕವಿಯಿದ್ದ. ಹರೆಯದಲ್ಲಿ ಕುರಿಗಾಹಿಗಳ ಮೇಲೆ ಒಂದಿಷ್ಟು ಸಣ್ಣ ಹಾಡುಗಳನ್ನು ಬರೆದ, ಮುಪ್ಪಿನಲ್ಲಿ ಯುದ್ಧದ ಮೇಲೆ ಒಂದು ಮಹಾಕಾವ್ಯ ಬರೆದ. ನಮ್ಮ ವಿಶ್ವವಿದ್ಯಾಲಯದಲ್ಲಿ ಹಾಡುಗಳಿಗೊಬ್ಬರು ಪ್ರಾಧ್ಯಾಪಕರು, ಮಹಾಕಾವ್ಯಕ್ಕೊಬ್ಬರು. ಮುದ್ರಣಾಲಯದಲ್ಲಿ ನಾವು ಅವರನ್ನು ಕುರಿ ಮೇಷ್ಟ್ರು, ಕತ್ತಿ ಮೇಷ್ಟ್ರು ಎನ್ನುತ್ತಿದ್ದೆವು, ಅವರ ಬೆನ್ನ ಹಿಂದೆ. ಇಬ್ಬರದೂ ಎಣ್ಣೆ ಸೀಗೆಕಾಯಿ ಸಂಬಂಧ. ಅಕ್ಕಪಕ್ಕದ ಕೋಣೆ, ಒಂದೇ ಕಾರಿಡಾರು, ಇಪ್ಪತ್ತೆರಡು ವರ್ಷ ಮಾತಿಲ್ಲ.

ಜಗಳ ಒಂದು ಆಡಿನ ಮೇಲೆ. ಮಹಾಕಾವ್ಯದಲ್ಲಿ ಯುದ್ಧ ಭರದಿಂದ ನಡೆಯುತ್ತಿರುವಾಗ, ಹೆಸರೂ ಇಲ್ಲದ ಒಬ್ಬ ಸಿಪಾಯಿ ಈಟಿ ತಗಲಿ ಬೀಳುತ್ತಾನೆ. ಆಗ ಥಟ್ಟನೆ ನಾಲ್ಕು ಸಾಲು ಬರುತ್ತದೆ: ಬಂಡೆಯ ಮೇಲೆ ಎಡಗೊಂಬು ಮುರಿದ ಒಂದು ಆಡು ನಿಂತು ನೋಡುತ್ತಿದೆ. ಮತ್ತೆ ಯುದ್ಧ. "ರಣರಂಗದಲ್ಲಿ ಆಡಿಗೇನು ಕೆಲಸ? ಯಾರೋ ನಕಲುಗಾರ ಆಮೇಲೆ ತುರುಕಿದ್ದು" ಎಂದು ಕತ್ತಿ ಮೇಷ್ಟ್ರು. "ಕವಿಯದೇ ಸಾಲು, ಹಳೇ ಅಭ್ಯಾಸ ಬಿಡಲಾಗದೆ ಒಂದು ಆಡನ್ನು ಅಲಂಕಾರಕ್ಕೆ ನಿಲ್ಲಿಸಿದ್ದಾನೆ" ಎಂದು ಕುರಿ ಮೇಷ್ಟ್ರು. ಇಬ್ಬರಿಗೂ ತಾವು ಹಿಡಿದ ಮೊಲಕ್ಕೆ ಮೂರೇ ಕಾಲು. ಒಂದು ಆಡನ್ನು ಮೇಯಿಸುತ್ತ ಇಬ್ಬರೂ ಐದೈದು ಪುಸ್ತಕ ಬರೆದರು, ಹತ್ತಕ್ಕೂ ಸೂಚಿ ಮಾಡಿದವಳು ದೊಡ್ಡಮ್ಮ. ಹತ್ತನ್ನೂ ಪೂರ್ತಿ ಓದಿದ ಮನುಷ್ಯಪ್ರಾಣಿಯೂ ಭೂಮಿಯ ಮೇಲೆ ಅವಳೊಬ್ಬಳೇ.

ಹನ್ನೊಂದನೆಯ, ಹನ್ನೆರಡನೆಯ ಪುಸ್ತಕಗಳು ಒಂದೇ ತಿಂಗಳಲ್ಲಿ ಬಂದವು. ಕುರಿ ಮೇಷ್ಟ್ರು ಹಾಡುಗಳಿಗೆ ಸಾಲು ಸಾಲಾಗಿ ವ್ಯಾಖ್ಯಾನ ಬರೆದಿದ್ದರು, ಕತ್ತಿ ಮೇಷ್ಟ್ರು ಮಹಾಕಾವ್ಯಕ್ಕೆ. ಅದೇ ವಾರ ದೊಡ್ಡಮ್ಮನ ಬೆಕ್ಕು ಒಂದು ಖಾಲಿ ಶೂ ಡಬ್ಬಿಯಲ್ಲಿ ಮರಿ ಹಾಕಿತು. ಮರಿಗಳನ್ನು ಎಬ್ಬಿಸುವಂತಿಲ್ಲ, ಬೇರೆ ಡಬ್ಬಿಯಿಲ್ಲ. ದೊಡ್ಡಮ್ಮ ಎರಡೂ ಪುಸ್ತಕದ ಚೀಟಿಗಳನ್ನು ಒಂದೇ ಡಬ್ಬಿಗೆ ಹಾಕಿದಳು, ಒಂದಕ್ಕೆ ನೀಲಿ ಶಾಯಿ, ಇನ್ನೊಂದಕ್ಕೆ ಕೆಂಪು.

ಹಾಗೆ ಒಂದು ಬೆಳಿಗ್ಗೆ 'ಕೊಂಬು' ಎಂಬಲ್ಲಿ ಒಂದು ನೀಲಿ ಚೀಟಿಯೂ ಒಂದು ಕೆಂಪು ಚೀಟಿಯೂ ಅಂಟಿಕೊಂಡು ನಿಂತವು. ಕೆಂಪಿನದು ಯುದ್ಧದ ಆಡು, ಎಡಗೊಂಬು ಮುರಿದದ್ದು. ನೀಲಿಯದು ಹಾಡಿನಲ್ಲಿ ಬರುವ ಒಂದು ಆಡು. ಅದಕ್ಕೂ ಎಡಗೊಂಬು ಮುರಿದಿತ್ತು. ಆ ಹಾಡಿನಲ್ಲಿ ಒಬ್ಬ ಕುರಿಗಾಹಿ ಹಾಡುವ ಪಂದ್ಯದಲ್ಲಿ ಸೋತು, ತಾನು ಸಾಕಿದ ಆಡನ್ನು ಗೆದ್ದವನಿಗೆ ಬಿಟ್ಟುಕೊಟ್ಟು, ಇನ್ನು ಸೈನ್ಯಕ್ಕೆ ಸೇರುತ್ತೇನೆ ಎಂದು ಹೊರಟುಹೋಗುತ್ತಾನೆ. ಆಡು ಬಂಡೆಯ ಮೇಲೆ ನಿಂತು ಅವನನ್ನೇ ನೋಡುತ್ತದೆ. ಅವನು ತಿರುಗಿ ನೋಡುವುದಿಲ್ಲ.

ದೊಡ್ಡಮ್ಮ ನನಗೆ ಫೋನು ಮಾಡಿದಳು.

"ಅದೇ ಆಡು ಕಣೇ. ಬಿದ್ದಿರೋ ಸಿಪಾಯಿ ಅದೇ ಹುಡುಗ. ಹಾಡು ಬರೆದು ಮೂವತ್ತು ವರ್ಷ ಆದಮೇಲೆ ಕವಿ ಅವನನ್ನ ಕರಕೊಂಡು ಬಂದಿದಾನೆ. ಅವತ್ತು ತಿರುಗಿ ನೋಡಲಿಲ್ಲವಲ್ಲ, ಸಾಯೋವಾಗ ನೋಡ್ತಾ ಇದಾನೆ."

ನನಗೆ ಲ್ಯಾಟಿನ್ ಬಾರದು, ಕಾವ್ಯದ ಗಂಧವೂ ಅಷ್ಟಕ್ಕಷ್ಟೆ. ಆದರೂ ಇನ್ನೊಂದು ಸಲ ಹೇಳು ದೊಡ್ಡಮ್ಮ ಎಂದೆ. ಇಪ್ಪತ್ತೆರಡು ವರ್ಷ ಇಬ್ಬರು ಪಂಡಿತರ ಕಣ್ಣಿಗೆ ಬೀಳದ್ದು ಇದು, ಯಾಕೆಂದರೆ ಕತ್ತಿ ಮೇಷ್ಟ್ರು ಹಾಡುಗಳನ್ನು ಹಟಕ್ಕೆ ಓದುತ್ತಿರಲಿಲ್ಲ, ಕುರಿ ಮೇಷ್ಟ್ರಿಗೆ ಯುದ್ಧದ ಆಡು ಬರೀ ಅಲಂಕಾರ ಎಂದಾದ ಮೇಲೆ ಅದರ ಕೊಂಬು ನೋಡುವ ಅಗತ್ಯ ಕಾಣಲಿಲ್ಲ.

ದೊಡ್ಡಮ್ಮ ಇಸ್ತ್ರಿ ಮಾಡಿದ ಸೀರೆ ಉಟ್ಟು, ಎರಡೂ ಚೀಟಿಗಳನ್ನು ಕನ್ನಡಕದ ಪೆಟ್ಟಿಗೆಯಲ್ಲಿಟ್ಟುಕೊಂಡು, ಮಂಗಳವಾರ ಕುರಿ ಮೇಷ್ಟ್ರ ಕೋಣೆಗೆ ಹೋದಳು. ಅವರು ಕಣ್ಣು ಮುಚ್ಚಿ ಪೂರ್ತಿ ಕೇಳಿದರು. "ಚೆನ್ನಾಗಿದೆಯಮ್ಮಾ. ಆದರೆ ಅಕ್ಷರ ಜೋಡಿಸೋದು ನಿಮ್ಮ ಕೆಲಸ, ಅರ್ಥ ಜೋಡಿಸೋದು ನಮಗೆ ಬಿಡಿ" ಎಂದರು. ಗುರುವಾರ ಕತ್ತಿ ಮೇಷ್ಟ್ರ ಹತ್ತಿರ ಹೋದಳು. ಅವರು ಕಣ್ಣು ಬಿಟ್ಟುಕೊಂಡು ಕೇಳಿ, ತಾವು ಅರ್ಧ ಕುಡಿದು ಮರೆತಿದ್ದ ಟೀಯನ್ನು ಇವಳ ಕಡೆ ಸರಿಸಿ, "ಸೂಚಿ ಯಾವಾಗ ಕೊಡ್ತೀರಿ?" ಎಂದರು.

ಮುಂದಿನ ವರ್ಷದ ವಿಚಾರಸಂಕಿರಣದಲ್ಲಿ ಕುರಿ ಮೇಷ್ಟ್ರು ಎದ್ದು ನಿಂತು, ಎಡಗೊಂಬು ಮುರಿದ ಆಡು ಎರಡೂ ಕಾವ್ಯಗಳಲ್ಲಿ ಒಂದೇ ಎಂದು ಸಾರಿದರು. ಸಭೆ ಎದ್ದು ಚಪ್ಪಾಳೆ ತಟ್ಟಿತು. ಕತ್ತಿ ಮೇಷ್ಟ್ರು ವೇದಿಕೆಗೆ ಓಡಿ, ಅದು ತಮ್ಮ ಸಂಶೋಧನೆ, ತಮ್ಮ ಚೀಲದಲ್ಲಿ ಅದೇ ಪ್ರಬಂಧವಿದೆ, ಕಾರಿಡಾರಿನಲ್ಲಿ ಗೋಡೆಗೆ ಕಿವಿಯಿದೆ ಎಂದು ಕೂಗಿದರು. ಕಳ್ಳ ಎಂದು ಅವರು ಇವರನ್ನು, ಇವರು ಅವರನ್ನು. ಜಗಳ ಪತ್ರಿಕೆಗೂ ಹೋಯಿತು. ನನ್ನ ಮೈ ಉರಿಯಿತು, ಮರುದಿನವೇ ಕುಲಪತಿಗಳಿಗೆ ಕಾಗದ ಬರೆಯುತ್ತೇನೆಂದು ಕುಣಿದೆ.

"ಸುಮ್ನಿರೇ. ನಿನ್ನ ಕಾಗದ ಯಾರು ಓದ್ತಾರೆ?" ಎಂದಳು ದೊಡ್ಡಮ್ಮ. ಆದರೆ ಅವತ್ತು ಅವಳು ಮೇಜಿನ ಮುಂದೆ ಕೂರಲಿಲ್ಲ. ಅವಳಿಗೆ ನೋವಾಗಿತ್ತು, ಬಹಳ ನೋವಾಗಿತ್ತು. ಮಕ್ಕಳಿಲ್ಲದ ಅವಳು ಈ ಲೋಕಕ್ಕೆ ತನ್ನದೆಂದು ಕೊಟ್ಟದ್ದು ಅದೊಂದೇ, ಅದನ್ನು ಇಬ್ಬರು ಹಂಚಿಕೊಂಡು ತಿನ್ನುತ್ತಿದ್ದರು.

ಜಗಳಕ್ಕೆ ಒಳ್ಳೆಯ ಗಿರಾಕಿ ಇದೆ ಎಂದು ಕಂಡು ನಮ್ಮ ಮುದ್ರಣಾಲಯ ಇಬ್ಬರ ಪ್ರಬಂಧಗಳನ್ನೂ ಸೇರಿಸಿ ಒಂದು ಪುಸ್ತಕ ಮಾಡಿತು. ಮೊದಲ ಅರ್ಧ ಒಬ್ಬರದು, ಎರಡನೆಯ ಅರ್ಧ ಇನ್ನೊಬ್ಬರದು. ಸೂಚಿಗೆ ಮಾಮೂಲಿನಂತೆ ಕರಡು ಹಾಳೆಗಳನ್ನು ನಾನೇ ದೊಡ್ಡಮ್ಮನ ಮೂರನೇ ಮಹಡಿಗೆ ಹೊತ್ತೆ. ಬೇಡವೆನ್ನುತ್ತಾಳೆ ಎಂದುಕೊಂಡಿದ್ದೆ. ಅವಳು ಕನ್ನಡಕ ಒರೆಸಿಕೊಂಡು ಓದತೊಡಗಿದಳು. ಮೂವತ್ತೊಂದನೆಯ ಪುಟದಲ್ಲಿ ಒಮ್ಮೆ ನಕ್ಕಳು, ನೂರ ಹನ್ನೆರಡನೆಯದರಲ್ಲಿ ಕೆಮ್ಮು ಬರುವಷ್ಟು ನಕ್ಕಳು. ಕುರಿ ಮೇಷ್ಟ್ರು ಮೂವತ್ತೊಂದನೆಯ ಪುಟದಲ್ಲಿ, "ಒಂದು ಮಂಗಳವಾರ, ನನ್ನ ಕೋಣೆಯಲ್ಲಿ ಕಣ್ಣು ಮುಚ್ಚಿ ಕೂತಿದ್ದಾಗ ಈ ಸತ್ಯ ನನಗೆ ಹೊಳೆಯಿತು" ಎಂದು ಬರೆದಿದ್ದರು. ಕತ್ತಿ ಮೇಷ್ಟ್ರಿಗೆ ನೂರ ಹನ್ನೆರಡನೆಯ ಪುಟದಲ್ಲಿ ಹೊಳೆದದ್ದು ಗುರುವಾರ, ಟೀ ಕುಡಿಯುತ್ತಿದ್ದಾಗ.

ಸೂಚಿ ಯಾವತ್ತೂ ಕಟ್ಟಕಡೆಯ ಕೆಲಸ. ಆ ಹೊತ್ತಿಗೆ ಅಚ್ಚಿನವನು ಬಾಗಿಲಲ್ಲಿ ನಿಂತಿರುತ್ತಾನೆ. ಇಬ್ಬರು ಮೇಷ್ಟ್ರಿಗೂ ಅದನ್ನು ಕಳಿಸಿದೆವು. ಇಬ್ಬರೂ ತಮ್ಮ ಹೆಸರಿನ ಸಾಲು ನೋಡಿ, ಎದುರಾಳಿಯ ಹೆಸರಿನ ಸಾಲು ನೋಡಿ, ಸ್ಕೇಲು ಇಟ್ಟು ಅಳೆದು, ಎರಡೂ ಸಮ ಎಂದು ಗೊಣಗಿ ರುಜು ಹಾಕಿದರು. ಕರಡು ತಿದ್ದುವವಳು ನಾನಲ್ಲವೇ, ನಾನು ಮಾತ್ರ ಪೂರ್ತಿ ಓದಿದೆ. ಸೂಚಿಯ ಮೊದಲ ಪುಟದಲ್ಲೇ, 'ಆ' ಅಕ್ಷರದ ಕೆಳಗೆ, 'ಆಡು, ಕೊಂಬು ಮುರಿದ: ಎರಡೂ ಒಂದೇ ಎಂದು ಕಂಡದ್ದು, ನೋಡಿ: ಸೂಚಿ ಮಾಡಿದವಳು' ಎಂದಿತ್ತು. ಗಾಬರಿಯಿಂದ ಸ ಅಕ್ಷರಕ್ಕೆ ಹಾರಿದೆ.

'ಸೂಚಿ ಮಾಡಿದವಳು: ಒಬ್ಬರಿಗೆ ಮಂಗಳವಾರ ಹೇಳಿದ್ದು, ೩೧; ಇನ್ನೊಬ್ಬರಿಗೆ ಗುರುವಾರ ಹೇಳಿದ್ದು, ೧೧೨; ಆ ಟೀ ತಣ್ಣಗಿದ್ದದ್ದು, ೧೧೨; ಅವಳಿಗೆ ಕೃತಜ್ಞತೆ, —'

ಕೊನೆಯಲ್ಲಿ ಪುಟಸಂಖ್ಯೆ ಇರಲಿಲ್ಲ, ಬರೀ ಒಂದು ಗೀಟು. ನನ್ನ ಪೆನ್ಸಿಲು ಅಲ್ಲಿ ನಿಂತಿತು. ಅಕ್ಷರದೋಷವಿದೆಯೇ ಎಂದು ನೋಡಿದೆ, ಇರಲಿಲ್ಲ. ಪುಟಸಂಖ್ಯೆಗಳನ್ನು ತಾಳೆ ನೋಡಿದೆ, ಸರಿಯಾಗಿದ್ದವು. ನನ್ನ ಕೆಲಸ ಅಷ್ಟೇ. ಸರಿ ಗುರುತು ಹಾಕಿ ಅಚ್ಚಿನವನ ಕೈಗೆ ಕೊಟ್ಟೆ.

ಪುಸ್ತಕ ಹೊರಬಂದು ನಾಲ್ಕನೆಯ ದಿನಕ್ಕೆ ಊರೂರಿನ ಪಂಡಿತರೆಲ್ಲ ಅದನ್ನು ಹಿಂದಿನಿಂದ ತೆರೆದಿದ್ದರು. ವಾರದೊಳಗೆ ಮುದ್ರಣಾಲಯಕ್ಕೆ ಕಾಗದಗಳು ಬಂದವು, ಎಲ್ಲದರಲ್ಲೂ ಒಂದೇ ಪ್ರಶ್ನೆ: ಈ ಸೂಚಿ ಮಾಡಿದವಳು ಯಾರು? ಅವಳು ಯಾರ ಹೆಸರನ್ನೂ ಹೇಳಿರಲಿಲ್ಲ. ಆದರೆ ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವರು ಇದ್ದೇ ಇರುತ್ತಾರೆ. ಒಂದು ಮಧ್ಯಾಹ್ನ ಇಪ್ಪತ್ತೆರಡು ವರ್ಷ ಮಾತು ಬಿಟ್ಟ ಇಬ್ಬರು ಮೇಷ್ಟ್ರೂ ಒಂದೇ ಟ್ಯಾಕ್ಸಿಯಲ್ಲಿ ಬಂದು, ಮೂರು ಮಹಡಿ ಹತ್ತಿ, ಏದುಸಿರು ಬಿಡುತ್ತ ದೊಡ್ಡಮ್ಮನ ಬಾಗಿಲು ತಟ್ಟಿದರು. ಒಳಗೆ ಕೂರಲು ಜಾಗವಿರಲಿಲ್ಲ. ಒಬ್ಬರು ಮಂಚದ ತುದಿಗೆ ಕೂತರು, ಇನ್ನೊಬ್ಬರ ತೊಡೆಯ ಮೇಲೆ ಬೆಕ್ಕು ಕೂತಿತು.

"ಎರಡನೇ ಮುದ್ರಣ ಆಗ್ತಾ ಇದೆಯಂತೆ" ಎಂದರು ಕುರಿ ಮೇಷ್ಟ್ರು. "ಆ ಸಾಲು ತೆಗೀಬೇಕಮ್ಮ."

"ಯಾವ ಸಾಲು?" ಎಂದಳು ದೊಡ್ಡಮ್ಮ, ಏನೂ ಅರಿಯದವಳ ಹಾಗೆ.

"ಇಲ್ಲದ್ದನ್ನ ಸೂಚಿಯಲ್ಲಿ ಸೇರಿಸಬಾರದು ಅಂತ ನಿಮ್ಮದೇ ನೇಮ ಅಲ್ವಾ?" ಎಂದರು ಕತ್ತಿ ಮೇಷ್ಟ್ರು. "ಪುಟಸಂಖ್ಯೆ ಇಲ್ಲದ ನಮೂದು ಎಲ್ಲಾದರೂ ಉಂಟಾ?"

"ಅದೂ ನಿಜವೇ. ತಪ್ಪಾಯ್ತು" ಎಂದಳು ದೊಡ್ಡಮ್ಮ. "ಹಾಗಾದರೆ ಒಂದು ಪುಟಸಂಖ್ಯೆ ಕೊಡಿ, ಗೀಟು ತೆಗೀತೀನಿ." ಎರಡು ಲೋಟ ಟೀ ತಂದಿಟ್ಟಳು. "ಬಿಸಿಯಾಗಿದೆ, ಹುಷಾರು."

ಅವತ್ತು ಅವರು ಟೀ ಕುಡಿದು ಮೆಟ್ಟಿಲಿಳಿದರು. ಎರಡನೆಯ ಮುದ್ರಣದ ಕರಡು ಬಂದಾಗ ಮೊದಲು ತೆರೆದವಳು ನಾನು. ಏಳನೆಯ ಪುಟದಲ್ಲಿ, ಮುನ್ನುಡಿಯ ಕೊನೆಗೆ, ಒಂದು ಹೊಸ ವಾಕ್ಯ: "ಕೊಂಬು ಮುರಿದ ಆಡು ಎರಡು ಕಾವ್ಯಗಳಲ್ಲೂ ಒಂದೇ ಎಂಬುದನ್ನು ಮೊದಲು ಕಂಡವರು ಈ ಪುಸ್ತಕದ ಪದಸೂಚಿಯನ್ನು ಮಾಡಿದವರು, ನಾವಿಬ್ಬರೂ ಅವರಿಗೆ ಋಣಿಗಳು." ಕೆಳಗೆ ಇಬ್ಬರ ರುಜು. ಅವರಿಬ್ಬರೂ ಕೂಡಿ ಬರೆದದ್ದು ಅದೊಂದೇ ವಾಕ್ಯ. ನಾನು ಹಾಳೆಯನ್ನು ಎದೆಗವಚಿಕೊಂಡು ಬಸ್ಸು ಹಿಡಿದೆ.

ದೊಡ್ಡಮ್ಮ ಅದನ್ನು ಎರಡು ಸಲ ಓದಿದಳು, ತನ್ನ ಪದ್ಧತಿಯಂತೆ. ಕಣ್ಣೊರೆಸಿಕೊಂಡಳು. ಆಮೇಲೆ ಡಬ್ಬಿಯಿಂದ ಹಳೆಯ ಚೀಟಿ ತೆಗೆದು ಗೀಟು ಹೊಡೆದುಹಾಕಿ ೭ ಎಂದು ಬರೆದಳು. ಅಷ್ಟಕ್ಕೆ ಮುಗಿಯಿತು ಎಂದುಕೊಂಡು ನಾನು ಏಳುವುದರಲ್ಲಿದ್ದೆ.

"ತಾಳೇ, ಇದ್ದದ್ದನ್ನ ಬಿಡಬಾರದು" ಎಂದು ಅವಳು ಹೊಸದೊಂದು ಚೀಟಿ ಕತ್ತರಿಸಿದಳು. ದೊಡ್ಡಮ್ಮ ಹೋಗಿ ಆರು ವರ್ಷವಾಯಿತು, ಆ ಚೀಟಿ ಈಗ ನನ್ನ ಹತ್ತಿರ ಇದೆ. ಎರಡನೆಯ ಮುದ್ರಣದಲ್ಲಿ ಪ ಅಕ್ಷರದ ಕೆಳಗೆ ನೀವೂ ಅದನ್ನು ನೋಡಬಹುದು: 'ಪ್ರಾಧ್ಯಾಪಕರು, ಇಬ್ಬರೂ: ಒಂದು ವಿಷಯದಲ್ಲಿ ಒಪ್ಪಿದ್ದು, ೭.'