ಎತ್ತನ್ನು ಬೈಯುವ ಅಣ್ಣತಮ್ಮಂದಿರು

1946ರಲ್ಲಿ ನಾನು ಹೊಸಕೋಟೆಯಲ್ಲಿ ನಾಟಕದ ಮೇಷ್ಟ್ರಾಗಿದ್ದೆ. ಸುತ್ತಲ ಹಳ್ಳಿಗಳವರಿಗೆ ನಾಟಕ ಕಲಿಸಿ ಆಡಿಸುವುದು ನನ್ನ ಕೆಲಸ. ಆ ವರ್ಷ ಜಡಿಗೇನಹಳ್ಳಿಯವರು ಕರೆದಾಗ ಪೌರಾಣಿಕವನ್ನು ಬಿಟ್ಟು, ಪಾಲಾಗಿ ಬೇರೆಯಾದ ಅಣ್ಣತಮ್ಮಂದಿರ ಮೇಲೆ ಒಂದು ಸಾಮಾಜಿಕ ನಾಟಕ ಬರೆದುಕೊಂಡು ಹೋದೆ.

ತಮ್ಮನ ಪಾರ್ಟು ರಾಮಣ್ಣನೆಂಬ ರೈತನದು. ಜಗಳದ ದೃಶ್ಯ ಓದಿಸಿದಾಗ ಅವನು ನಕ್ಕುಬಿಟ್ಟ.

"ಬೇರೆಯಾದೋರು ಇಷ್ಟುದ್ದ ಮಾತಾಡ್ತಾರಾ ಮೇಷ್ಟ್ರೇ? ನಾನೂ ನಮ್ಮಣ್ಣನೂ ಮಾತು ಬಿಟ್ಟು ವರ್ಸಾಯ್ತು. ಬಾವಿ ತಾವ ಎದುರಾದ್ರೆ ಅವ್ನು ಅವ್ನೆತ್ತಿಗೆ ಬೈತಾನೆ, ನಾನು ನನ್ನೆತ್ತಿಗೆ ಬೈತೀನಿ. ಇಬ್ರಿಗೂ ತಿಳೀತದೆ."

"ಮತ್ತೆ ಮಾತಾಡೋಣ ಅನ್ನಿಸೋದಿಲ್ವಾ?"

"ಅನ್ನಿಸ್ದೆ ಏನು? ಅವ್ನೇ ದೊಡ್ಡೋನು, ಅವ್ನೇ ಬರ್ಲಿ. ಬಂದ್ರೆ ನಾನೇನು ಓಡೋಗ್ತೀನಾ?"

ನನ್ನ ಮಾತುಗಳನ್ನೆಲ್ಲ ಹೊಡೆದುಹಾಕಿ ಇಡೀ ದೃಶ್ಯವನ್ನು ಎತ್ತಿನ ಬೈಗುಳದ ಮೇಲೆ ಕಟ್ಟಿದೆ. ಒಂದು ನಿಯಮವನ್ನೂ ಮಾಡಿಕೊಂಡೆವು. ನಮ್ಮ ಕಡೆ ಆಟದ ನಡುವೆಯೇ ನೆಂಟರು ರಂಗ ಹತ್ತಿ ಹಾರ ಹಾಕುತ್ತಾರೆ. ರಾಜನಾದರೂ ಯುದ್ಧ ನಿಲ್ಲಿಸಿ ಕೈಮುಗಿಯಬೇಕು. ಇದರಲ್ಲಿ ಅದು ಬೇಡ, ಹಾರವೆಲ್ಲ ಆಟ ಮುಗಿದ ಮೇಲೆ, ನಡುವೆ ಯಾರು ಹತ್ತಿದರೂ ಅತ್ತ ನೋಡಬಾರದು ಎಂದು ಪಾರ್ಟುದಾರರು ಒಪ್ಪಿದರು. ರಾಮಣ್ಣನಿಗಂತೂ ಅದು ವ್ರತದಂತಾಯಿತು.

ಆಟದ ದಿನ ಆ ದೃಶ್ಯ ಬರುವ ಹೊತ್ತಿಗೆ ಬೆಳಕು ಹರಿಯುತ್ತಿತ್ತು. ಇಲ್ಲದ ಎತ್ತನ್ನು ರಾಮಣ್ಣ ಬೈಯುತ್ತಿದ್ದ, ಜನ ಮಿಸುಕದೆ ಕೂತಿದ್ದರು. ಆಗ ಅವನ ಸ್ವಂತ ಅಣ್ಣ ನಂಜಪ್ಪ ಹಾರ ಹಿಡಿದು ರಂಗ ಹತ್ತಿದರು. ಇದನ್ನು ಹೇಳುವಾಗಲೆಲ್ಲ ಚೆಂಡುಹೂವಿನ ಹಾರ ಎನ್ನುತ್ತ ಬಂದಿದ್ದೇನೆ. ಹೂವನ್ನು ನಿಜಕ್ಕೂ ನೋಡಿದೆನೋ ಆಮೇಲೆ ಸೇರಿಸಿಕೊಂಡೆನೋ ಗೊತ್ತಿಲ್ಲ. ಮಾತು ಮಾತ್ರ ಕೇಳಿಸಿತು.

"ಲೇ ರಾಮ, ಬಗ್ಗೋ."

ರಾಮಣ್ಣ ಬಗ್ಗಲಿಲ್ಲ. ಒಪ್ಪಿಕೊಂಡಿದ್ದಂತೆಯೇ ಅತ್ತ ನೋಡದೆ ಬೈಗುಳ ಮುಂದುವರಿಸಿದ. ನಂಜಪ್ಪ ಕೊಂಚ ನಿಂತಿದ್ದು ಇಳಿದು ಹೋದರು. ಇದೂ ನಾಟಕದ್ದೇ ಎಂದುಕೊಂಡು ಕೆಲವರು ಚಪ್ಪಾಳೆ ತಟ್ಟಿದರು.

ಕೊನೆಯ ಅಂಕದಲ್ಲಿ ನಾನು ಬರೆದ ಅಣ್ಣತಮ್ಮ ತಬ್ಬಿಕೊಂಡರು. ಮುಗಿದದ್ದೇ ತಡ, ರಾಮಣ್ಣ ಮುಖದ ಬಣ್ಣವನ್ನೂ ತೊಳೆಯದೆ ಅಣ್ಣನ ಮನೆಗೆ ಓಡಿದ. ನಾನೂ ಹಿಂದೆ ಹೋದೆ. ಬಾಗಿಲಲ್ಲಿ ಅತ್ತಿಗೆ ನಿಂತಿದ್ದರು.

"ಊರೆಲ್ಲಾ ನೋಡ್ತಿರೋವಾಗ ಮಕ ತಿರುಗ್ಸಿದ್ಯಲ್ಲಪ್ಪಾ. ಈಗ ಯಾರ್ಗೆ ತೋರ್ಸೋಕೆ ಬಂದೆ?"

ನಿಯಮದ ಕಥೆಯನ್ನು ನಾನು ವಿವರಿಸಿದೆ. ಒಳಗಿನಿಂದ ನಂಜಪ್ಪ ಬರಲಿಲ್ಲ. ಅವರಿಬ್ಬರೂ ಆಮೇಲೆ ಮಾತಾಡಿದರೆಂದು ನನಗೆ ಯಾರೂ ಹೇಳಿಲ್ಲ.

ರಾಜಿ ಕೊನೆಯ ಅಂಕದವರೆಗೆ ಕಾಯುತ್ತದೆ ಎಂದು ನಂಬಿ ಬರೆಯುತ್ತಿದ್ದೆ. ಮನೆಗಳಲ್ಲಿ ಅದು ಬೇಡದ ಹೊತ್ತಿನಲ್ಲಿ, ಜಗಳದ ನಡುವೆಯೇ ಬಂದು ನಿಲ್ಲುತ್ತದೆ. ಆಗ ಆಟ ನಿಲ್ಲಬೇಕು. ನಮ್ಮದು ನಿಲ್ಲಲಿಲ್ಲ.