ಗಂಡುಹುಡುಗರು ಮನೆಗೆ ಹೋದ ಮೇಲೆ

ನಾನು ದೊಡ್ಡವಳಾದಾಗ ಅಮ್ಮ ಹೇಳಿದ್ದು ಇಷ್ಟೇ: "ಹಿತ್ತಲ ಕೋಣೇಲಿ ಕೂತ್ಕೋ, ಯಾರನ್ನೂ ಮುಟ್ಬೇಡ." ಹೊಳೆನರಸೀಪುರದ ದೇವಸ್ಥಾನದ ಬೀದಿಯ ನಮ್ಮ ಮನೆಯಲ್ಲಿ ಅದರಾಚೆಗೆ ಯಾರೂ ಬಾಯಿ ಬಿಡಲಿಲ್ಲ. ಮುಂದೆ ಜೀವಶಾಸ್ತ್ರ ಓದಿ, ಅರಕಲಗೂಡು ಕಡೆಯ ಒಂದು ಹಳ್ಳಿಯ ಹೈಸ್ಕೂಲಿಗೆ ಟೀಚರಾಗಿ ಹೋದೆ. ಮೂವತ್ತು ವರ್ಷದ ಹಿಂದಿನ ಮಾತು. ಸಂತಾನೋತ್ಪತ್ತಿಯ ಪಾಠ ಹತ್ತಿರ ಬಂದಾಗ ಹೆಡ್‌ಮಾಸ್ಟರು ಕರೆದು, "ಅದನ್ನ ಮಕ್ಕಳು ಮನೇಲಿ ಓದ್ಕೋತವೆ, ಬಿಟ್ಬಿಡಿ ಮೇಡಂ" ಎಂದರು. ನನಗೂ ಸಮಾಧಾನವೇ ಆಯಿತು.

ಆ ವಾರವೇ ಒಂಬತ್ತನೇ ಕ್ಲಾಸಿನ ಒಬ್ಬ ಹುಡುಗಿ ನೀರಿನ ಟ್ಯಾಂಕಿನ ಹತ್ತಿರ ನನ್ನನ್ನು ತಡೆದಳು. ಊರಿನ ದೊಡ್ಡ ಜಮೀನುದಾರರ ಮಗಳು. ಮುಖ ಬಿಳಿಚಿಕೊಂಡಿತ್ತು.

"ಮಿಸ್, ಒಟ್ಟೆ ಒಳಗೆ ಗಾಯ ಆಗಿ ರಕ್ತ ಬಂದ್ರೆ ಸತ್ತೋಯ್ತಾರಾ?"

"ಮನೇಲಿ ಹೇಳಿದ್ಯೇನಮ್ಮ?"

"ಅವ್ವ ಇಲ್ಲ ಮಿಸ್. ಅಪ್ಪಂಗೆ ಎಂಗೇಳ್ಲಿ?"

ಅದು ಗಾಯವಲ್ಲವೆಂದು ಭುಜ ಹಿಡಿದು ಹೇಳಿದೆ. ಅವಳು ನಂಬಿದಂತೆ ಕಾಣಲಿಲ್ಲ. ಇನ್ನೆಷ್ಟು ಜನ ಹೀಗೆ ಸಾವಿಗೆ ಕಾಯುತ್ತ ಬೆಂಚಿನ ಮೇಲೆ ಕೂತಿದ್ದಾರೋ ಎಂದು ದಿಗಿಲಾಯಿತು.

ಶನಿವಾರ ಬೆಳಗಿನ ಸ್ಕೂಲು ಮುಗಿದು ಗಂಡುಹುಡುಗರು ಹೋದ ಮೇಲೆ ಹುಡುಗಿಯರನ್ನು ಕೂರಿಸಿಕೊಂಡು ಬಾಗಿಲು ಹಾಕಿದೆ. ಗರ್ಭಕೋಶದ ಚಿತ್ರ ಬರೆಯುವಾಗ ಕೈಯಲ್ಲೇ ಚಾಕ್‌ಪೀಸು ಮುರಿಯಿತು. ಹೊರಗೆ ಯಾರೋ ನಡೆದ ಸದ್ದಾದರೆ ಮಾತು ನಿಲ್ಲಿಸುತ್ತಿದ್ದೆ. ಹುಡುಗಿಯರೂ ಉಸಿರು ಬಿಗಿಹಿಡಿಯುತ್ತಿದ್ದರು. ಕೊನೆಗೆ ಡಸ್ಟರಿನಲ್ಲಿ ಒರೆಸಿದರೂ ಗೆರೆಗಳು ಕಾಣುತ್ತಲೇ ಇದ್ದವು. ಒದ್ದೆ ಬಟ್ಟೆಯಲ್ಲಿ ಉಜ್ಜಿ, ಬೋರ್ಡು ಒಣಗುವವರೆಗೂ ಅಲ್ಲೇ ನಿಂತಿದ್ದೆ.

ಸೋಮವಾರ ಆ ಹುಡುಗಿಯ ಅಪ್ಪ ಸ್ಕೂಲಿಗೆ ಬಂದರು. "ನೀವುಂಟು, ಅವರುಂಟು" ಎಂದು ಹೆಡ್‌ಮಾಸ್ಟರು ಎದ್ದು ಹೊರಗೆ ಹೋದರು. ಕೆಲಸ ಹೋಯಿತು, ಹಾಸನದಲ್ಲಿರುವ ಅತ್ತೆ ಮನೆಗೂ ಸುದ್ದಿ ಮುಟ್ಟುತ್ತದೆ ಎಂದುಕೊಂಡೆ.

"ಸನಿವಾರ ಬಾಗ್ಲಾಕ್ಕಂಡು ಏನೇಳ್ಕೊಟ್ರಿ?" ಎಂದರು.

ಮೇಜಿನ ಅಂಚು ಹಿಡಿದುಕೊಂಡು ಎಲ್ಲವನ್ನೂ ಹೇಳಿದೆ. ಅವರು ನೆಲ ನೋಡುತ್ತ ಕೂತರು.

"ವಾರದಿಂದ ಮಗಳು ಸ್ಕೂಲಿಂದ ಬಂದೇಟ್ಗೆ ಮೂಲೇಲಿ ಕುಂತ್ಬುಡೋಳು. ಏನಂತ ಕೇಳಕ್ಕೆ ನಂಗೂ ಭಯ ಮೇಡಂನೋರೆ. ಸನಿವಾರ ಎದ್ ಬಂದು ಉಂಡ್ಲು." ಟವೆಲಿನಿಂದ ಮುಖ ಒರೆಸಿಕೊಂಡರು. "ಚಿಕ್ಕೋಳೊಬ್ಳವ್ಳೆ, ಪಕ್ಕದ್ ಸ್ಕೂಲಲ್ಲಿ ಏಳ್ನೇ ಕ್ಲಾಸು. ಅವಳ್ಗೂ ಏಳ್ಬುಡಿ. ಊರೋರ್ಗೆ ಮಾತ್ರ ಗೊತ್ತಾಗದು ಬ್ಯಾಡ."

ಅವರು ಹೋದ ಮೇಲೆ ಹೆಡ್‌ಮಾಸ್ಟರು ಬಾಗಿಲಲ್ಲಿ ಇಣುಕಿದರು. "ಏನಂದ್ರು?"

"ಇನ್ನೊಂದು ಸಲ ಪಾಠ ಮಾಡಿ ಅಂದ್ರು ಸಾರ್."

ಅವರು ಕನ್ನಡಕ ತೆಗೆದು ಒರೆಸಿಕೊಂಡರು. "ಮಾಡ್ಕೊಳ್ಳಿ. ನನಗೆ ಹೇಳಿದ್ರಿ ಅಂತ ಮಾತ್ರ ಯಾರ ಹತ್ರಾನೂ ಅನ್ಬೇಡಿ."

ಮುಂದಿನ ಶನಿವಾರ ಪಕ್ಕದ ಸ್ಕೂಲಿನ ಚಿಕ್ಕ ಹುಡುಗಿಯರೂ ಬಂದು ಮುಂದೆ ಒತ್ತೊತ್ತಾಗಿ ಕೂತರು. ಅಂದೂ ಬಾಗಿಲು ಹಾಕಿಯೇ ಚಾಕ್‌ಪೀಸು ಕೈಗೆತ್ತಿಕೊಂಡೆ.